ಬಾಗಿಲಿಗೆ ಬಂದ ನೋಟೀಸು

ಕೋರ್ಟಿನ ಅಮೀನ ಬಾಗಿಲು ಬಡಿದಾಗ ಪುರಸಭೆಯ ಇಂಜಿನಿಯರು ಅದರ ಹಿಂದೆಯೇ ಉಸಿರು ಬಿಗಿಹಿಡಿದು ನಿಂತಿದ್ದ. ಊರನ್ನೇ ಗದರಿಸಿಕೊಂಡು ಓಡಾಡುವ ತನಗೆ ಸ್ವಂತ ಮನೆಯಲ್ಲೇ ಅವಿತುಕೊಳ್ಳುವ ಗತಿ ಬಂತಲ್ಲ ಎಂದು ನಾಚಿಕೆಯಿಂದ ಹಿಡಿಯಷ್ಟಾಗಿದ್ದ.

ರಸ್ತೆ ಅಗಲ ಮಾಡಲು ಅವನು ಒಬ್ಬ ಅಜ್ಜಿಯ ಮನೆ ಕೆಡವಿಸಿದ್ದ. ಕೆಡವಬಾರದೆಂಬ ತಡೆಯಾಜ್ಞೆಯನ್ನು ಅವಳ ಬಾಗಿಲಿಗೇ ಅಂಟಿಸಲಾಗಿತ್ತು ಎಂದು ಅವಳ ವಕೀಲರು ವಾದಿಸಿದರು. "ನಾನು ಯಾವ ಕಾಗದವನ್ನೂ ಕಾಣಲಿಲ್ಲ, ಬಾಗಿಲೂ ಜೆಸಿಬಿಗೆ ಸಿಕ್ಕಿ ಪುಡಿಯಾಯಿತು," ಎಂದು ಇವನು ಪ್ರಮಾಣ ಮಾಡಿ ಹೇಳಿದ್ದ. ಈಗ ನ್ಯಾಯಾಂಗ ನಿಂದನೆಯ ನೋಟೀಸು ಬಂದಿತ್ತು.

"ಯಜಮಾನ್ರು ಊರಲ್ಲಿಲ್ಲ," ಎಂದು ಹೆಂಡತಿ ಕಿಟಕಿಯಿಂದಲೇ ಹೇಳಿದಳು.

"ಪರವಾಗಿಲ್ಲ ಅಮ್ಮಾವ್ರೇ. ಬಾಗಿಲಿಗೆ ಅಂಟಿಸಿದ್ರೂ ಅವರಿಗೆ ಕೊಟ್ಟ ಹಾಗೇ ಲೆಕ್ಕ."

ಗೋಂದಿನ ಕುಂಚ ಹೊರಗೆ ಸರಪರ ಓಡಾಡಿತು. ಬಳಿದದ್ದು ತನ್ನ ಮುಖಕ್ಕೇ ಅನ್ನಿಸಿತು ಅವನಿಗೆ. ಸದ್ದು ನಿಂತರೂ ಅಮೀನ ಹೊರಡಲಿಲ್ಲ. ಅಂಗೈಯಿಂದ ಬಾಗಿಲು ಸವರುತ್ತಿದ್ದ.

"ಒಳ್ಳೇ ತೇಗ. ಈಚೆಗೆ ಕೂರಿಸಿದ್ದಾ?"

"ಹೌದು, ಯಜಮಾನ್ರೇ ಎಲ್ಲಿಂದಲೋ ಹುಡುಕಿ ತಂದ್ರು," ಎಂದಳು ಹೆಂಡತಿ, ಭಯದಲ್ಲೂ ಒಂದಿಷ್ಟು ಹೆಮ್ಮೆಯಿಂದ.

"ಈ ಗಿಳಿ ಕೆತ್ತನೆ ಮೇಲೆ ಗೋಂದು ನಿಲ್ಲಲ್ಲ ಅಮ್ಮಾವ್ರೇ. ಈ ಬಾಗಿಲು ಆ ಅಜ್ಜಿ ಮನೇಲಿದ್ದಾಗಲೂ ನಾನು ಇದೇ ಕೆಳಗಿನ ಹಲಗೆಗೇ ಅಂಟಿಸಿದ್ದೆ."