ಸಾಕ್ಷಿಯ ಕೈಚೀಲ

“ಚೀಲ ಇಟ್ಟು ಬನ್ನಿ ಅಮ್ಮ, ಪ್ರಮಾಣ ಮಾಡ್ಬೇಕು. ಚೀಲಕ್ಕೆ ಸಾಕ್ಷಿ ಹೇಳೋಕೆ ಬರಲ್ಲ,” ಎಂದು ಕೋರ್ಟಿನ ಗುಮಾಸ್ತ ನಕ್ಕ. ಸಾಕ್ಷಿಕಟ್ಟೆಯ ಮೆಟ್ಟಿಲ ಬಳಿ ನಿಂತಿದ್ದ ಅಮ್ಮ ಕೈಚೀಲವನ್ನು ಎದೆಗೆ ಇನ್ನಷ್ಟು ಒತ್ತಿಕೊಂಡಳು.

ನರ್ಸ್ ಮಗಳು ನೋಡುತ್ತಲೇ ಇದ್ದಳು. ಪಾಸ್‌ಪೋರ್ಟ್ ಕಳೆದಿದೆಯೆಂದು ಪೊಲೀಸರು ಪತ್ರ ಕೊಡದೆ ಹೊಸದು ಸಿಗದು. ಹೊಸದು ಸಿಗದೆ ವಿದೇಶದ ಆಸ್ಪತ್ರೆಯ ಕೆಲಸ ಉಳಿಯದು. “ಕಳೆದೇ ಇಲ್ಲ, ಯಾರಿಗೋ ಮಾರ್ಕೊಂಡಿದ್ದಾಳೆ” ಎಂದು ಅಣ್ಣ ತಕರಾರು ಹಾಕಿ ಆ ಪತ್ರವನ್ನು ತಡೆದಿದ್ದ. ತಂಗಿ ಹೋದರೆ ಅಮ್ಮನನ್ನು ನೋಡಿಕೊಳ್ಳುವ ಸರದಿ ಅವನದು. ಪತ್ರ ಕೊಡಿಸಿ ಎಂದು ಅವಳು ಕೇಸು ಹಾಕಿದ್ದಳು; ಕದ್ದವನು ಅವನೇ ಎಂಬ ಅನುಮಾನ ಅವಳಿಗೆ. ಮನೆಯಿಡೀ ಜಾಲಾಡಿದರೂ ಸಿಗಲಿಲ್ಲ ಎಂದು ಅವಳ ಪರವಾಗಿ ಹೇಳಲು ಅಮ್ಮ ಬಂದಿದ್ದಳು.

“ಕೊಡಮ್ಮಾ, ನಾನು ಹಿಡ್ಕೊಳ್ತೀನಿ,” ಎಂದು ಮಗಳು ಕೈ ಚಾಚಿದಳು. ಕನ್ನಡಕದಿಂದ ಹಿಡಿದು ಬಿಪಿ ಮಾತ್ರೆಯವರೆಗೆ ಎಲ್ಲವನ್ನೂ ಅದೇ ಕೈಗೆ ಕೊಟ್ಟು ರೂಢಿಯಿದ್ದ ಅಮ್ಮ ಅದನ್ನೊಮ್ಮೆ ನೋಡಿದಳು. “ನಿಂಗ್ಯಾಕೆ ಭಾರ,” ಎಂದು ಗೊಣಗಿ ಎದುರು ಬೆಂಚಿಗೆ ನಡೆದಳು. ಕೇಸು ಹಾಕಿದಂದಿನಿಂದ ತಾನು ಮುಖ ಕೊಟ್ಟು ಮಾತಾಡದಿದ್ದ ಮಗನ ತೊಡೆಯ ಮೇಲೆ ಚೀಲವನ್ನು ಇಟ್ಟಳು. ಅವನು ಏನೂ ಕೇಳದೆ ಎರಡೂ ಕೈಯಿಂದ ಅದನ್ನು ಅವುಚಿಕೊಂಡ.

“ಮೊದಲು ಅಮ್ಮನ್ನ ಏನು ಕೇಳ್ಲಿ?” ಮಗಳ ವಕೀಲ ಅವಳ ಕಡೆ ಬಗ್ಗಿ ಪಿಸುಗುಟ್ಟಿದ.

ಚಾಚಿದ ಕೈಯನ್ನು ಅವಳು ಇನ್ನೂ ಇಳಿಸಿರಲಿಲ್ಲ. “ಏನೂ ಕೇಳ್ಬೇಡಿ ಸರ್. ಅಮ್ಮ ಪ್ರಮಾಣ ಮಾಡೋಕೆ ಮುಂಚೆ ಆ ಚೀಲ ತೆರೆಸಿಬಿಡಿ.”