ಅರಿಶಿನ ಮೆತ್ತಿದ ಬಿರುಕು

ಪಾಲಿನ ಕೇಸು ಬಿದ್ದ ಮನೆ ಬಿರುಕು ಬಿಡುವುದು ಆ ಊರಲ್ಲಿ ಹೊಸದೇನಲ್ಲ. ಕೇಸು ನಡೆಯುವಷ್ಟು ದಿನವೂ ಬಿರುಕು ಬೆಳೆಯುತ್ತಿತ್ತು. ಅಪ್ಪನ ಮನೆಗೆ ಕಾತ್ಯಾಯಿನಿ ಮತ್ತು ಅಣ್ಣ ಶ್ರೀಪತಿ ಇಬ್ಬರೇ ಹಕ್ಕುದಾರರು. ಅವಳು ಹಾಕಿದ ಕೇಸಿನ ಬಿರುಕು ಅಣ್ಣನ ಮೊಮ್ಮಗುವಿನ ತೊಟ್ಟಿಲ ಮೇಲಿನ ತೊಲೆ ಮುಟ್ಟಿದಾಗ ಅವಳಿಗೆ ತಡೆಯಲಾಗಲಿಲ್ಲ. ಬೆಳಿಗ್ಗೆಯೇ ಕೋರ್ಟಿಗೆ ಹೋಗಿ ಕೇಸು ವಾಪಸ್ ತೆಗೆದುಕೊಂಡಳು. ಮುಂದೆ ಬೇಕಾದರೆ ಮತ್ತೆ ಹೂಡುವ ಹಕ್ಕನ್ನು ಮಾತ್ರ ಉಳಿಸಿಕೊಂಡಳು.

"ಬಿರುಕು ನಿಲ್ಲುತ್ತದಮ್ಮ, ಆದರೆ ಮುಚ್ಚಿಕೊಳ್ಳುವುದಿಲ್ಲ," ಎಂದರು ವಕೀಲರು.

ಅಲ್ಲಿಂದ ನೇರ ಅಣ್ಣ ಇದ್ದ ಆ ಮನೆಗೇ ಬಂದು, ಬಿರುಕು ನಿಂತಿತೇ ಎಂದು ತಿಳಿಯಲು ವಾಡಿಕೆಯಂತೆ ಅದರ ತುದಿಗೆ ಅರಿಶಿನ ಮೆತ್ತಿದಳು. ಅತ್ತಿಗೆ ಸ್ಟೂಲು ಅಲುಗದಂತೆ ಹಿಡಿದುಕೊಂಡರು.

"ನಿನ್ನ ಹೊಟ್ಟೆ ತಣ್ಣಗಿರಲಿ ಕಾತ್ಯಾ, ಊಟ ಮಾಡ್ಕೊಂಡೇ ಹೋಗು."

"ಹಕ್ಕು ಬಿಟ್ಟಿಲ್ಲ ಅತ್ತಿಗೆ, ತುಪ್ಪ ಜಾಸ್ತೀನೇ ಹಾಕಿ," ಎಂದು ಕಾತ್ಯಾಯಿನಿ ನಕ್ಕಳು.

ಅಣ್ಣ ನಗಲಿಲ್ಲ. ತೊಟ್ಟಿಲನ್ನು ಬಿಚ್ಚಿ ಪಡಸಾಲೆಗೆ ಒಯ್ದ.

"ಇನ್ಯಾಕಣ್ಣ? ಕೇಸೇ ಇಲ್ಲವಲ್ಲ."

ಅವನು ಪಡಸಾಲೆಯ ಕೊಂಡಿಗೆ ತೊಟ್ಟಿಲ ಹಗ್ಗ ಬಿಗಿದ. ಕಾತ್ಯಾಯಿನಿ ಊಟ ಮುಗಿಸಿ ಕೈತೊಳೆದು ಬಂದಾಗ, ಒಣಗಿದ ಅರಿಶಿನ ನಡುವೆ ಸೀಳಿತ್ತು. ಬಿರುಕು ತೊಲೆ ದಾಟಿ, ಅಪ್ಪ ಅವಳಿಗೆಂದೇ ಕಟ್ಟಿಸಿದ್ದ ಕೋಣೆಯ ಕಡೆ ತಿರುಗಿತ್ತು.

"ನೀನು ಯಾವಾಗ ಕೇಸು ಹಾಕಿದೆ ಅಣ್ಣ?"

"ನೀನು ಹಕ್ಕು ಉಳಿಸಿಕೊಂಡೆ ಅಂತ ನನ್ನ ವಕೀಲರು ಕೋರ್ಟಿನಿಂದ ಫೋನ್ ಮಾಡಿದ ಕೂಡಲೇ ಹಾಕಿಸಿದೆ," ಎಂದ ಶ್ರೀಪತಿ, ತಲೆ ಎತ್ತದೆ.