ಹನ್ನೊಂದು ವೋಟಿನ ರೇಡಿಯೊ

ರೇಡಿಯೊ ಹೊತ್ತು ನಾಲ್ಕನೆಯ ಮಹಡಿ ಮುಟ್ಟುವಷ್ಟರಲ್ಲಿ ಡೋಲನ್‌ಗೆ ಏದುಸಿರು ಹತ್ತಿತ್ತು. ಮರದ ಪೆಟ್ಟಿಗೆಯ ಹಳೆಯ ಕಾಲದ ರೇಡಿಯೊ, ಹೆಣದಷ್ಟು ಭಾರ. ಆದರೂ ಅವನ ಮುಖ ಅರಳಿತ್ತು. ಮಂಗಳವಾರ ನ್ಯೂಯಾರ್ಕ್ ರಾಜ್ಯಕ್ಕೆ ಗವರ್ನರ್ ಚುನಾವಣೆ, ಡೋಲನ್ ಆ ಬೀದಿಗೆ ಡೆಮಾಕ್ರಾಟ್ ಪಕ್ಷದ ಮುಖಂಡ, ಮತ್ತು ಈ ಬಾಗಿಲ ಹಿಂದೆ ಹನ್ನೊಂದು ವೋಟುಗಳು ಭಾನುವಾರದ ಊಟಕ್ಕೆ ಕೂತಿದ್ದವು.

ಮನೆಯ ಯಜಮಾನಿ ಅಸ್ಸುಂತಾಗೆ ವೋಟಿರಲಿಲ್ಲ. ಇಟಲಿಯಿಂದ ಬಂದು ತಲೆ ನೆರೆತರೂ ಪೌರತ್ವದ ಪರೀಕ್ಷೆಗೆ ಬೇಕಾದ ಇಂಗ್ಲಿಷ್ ಅವಳ ನಾಲಿಗೆಗೆ ಹತ್ತಿರಲಿಲ್ಲ. ಆದರೆ ಗಂಡುಮಕ್ಕಳು, ಅಳಿಯಂದಿರು, ತಮ್ಮನ ಮಕ್ಕಳು, ಎಲ್ಲರೂ ಈ ಮೇಜಿನಲ್ಲಿ ಅವಳು ಹೇಳಿದವರಿಗೇ ವೋಟು ಹಾಕುವವರು. ಅದಕ್ಕೇ ಒಂದು ತಿಂಗಳಿಂದ ಆ ಮೆಟ್ಟಿಲು ಸವೆದಿತ್ತು. ಲೇಬರ್ ಪಕ್ಷದವರು ಕಾಫಿಪುಡಿ ತಂದುಕೊಟ್ಟಿದ್ದರು. ರಿಪಬ್ಲಿಕನ್ನರು, ಯುದ್ಧದಿಂದ ಸಕ್ಕರೆಗೂ ರೇಷನ್ ಬಂದ ಈ ಕಾಲದಲ್ಲಿ ಎಲ್ಲಿಂದ ತಂದರೋ, ಒಂದು ಚೀಲ ಸಕ್ಕರೆ. ಅಸ್ಸುಂತಾ ಅವರ ಪುಡಿಗೆ ಇವರ ಸಕ್ಕರೆ ಹಾಕಿ ಬಂದವರಿಗೆಲ್ಲ ಕಾಫಿ ಕೊಟ್ಟಳು. ಕುಡಿದವರೆಲ್ಲ ವೋಟು ತಮಗೇ ಎಂದು ಮೀಸೆ ತಿರುವುತ್ತ ಇಳಿದುಹೋದರು. ಬೇಕಾದ್ದೇನು ಎಂದು ಅವಳನ್ನು ಕೇಳಿದವನು ಡೋಲನ್ ಒಬ್ಬನೇ.

"ನನ್ನ ರೇಡಿಯೊ ಬೇಕು ಕಣಪ್ಪ," ಎಂದಿದ್ದಳು.

ಇಟಲಿಯ ಮೇಲೆ ಯುದ್ಧ ಶುರುವಾದಾಗ ಅವಳನ್ನು ಶತ್ರುದೇಶದವಳೆಂದು ಬರೆದುಕೊಂಡು ಪೊಲೀಸರು ರೇಡಿಯೊ ಒಯ್ದಿದ್ದರು. ಅವಳ ಕಿರಿಯ ಮಗ ಸಾವೆರಿಯೊ ಅಮೆರಿಕದ ಸೈನ್ಯದಲ್ಲಿ ಕವಾಯತು ಮಾಡುತ್ತಿದ್ದುದು ಅಡ್ಡ ಬರಲಿಲ್ಲ. ಚುನಾವಣೆಗೆ ಇನ್ನು ಮೂರು ವಾರ ಎನ್ನುವಾಗ, ಇಟಲಿಯವರು ಶತ್ರುಗಳಲ್ಲ ಎಂದು ಸರ್ಕಾರಕ್ಕೆ ಇದ್ದಕ್ಕಿದ್ದಂತೆ ಜ್ಞಾನೋದಯವಾಯಿತು. ಡೋಲನ್ ಠಾಣೆಗೆ ಹೋಗಿ ಕೇಳಿದ. "ಒಳಗಿನ ಶಾರ್ಟ್‌ವೇವ್ ಕಿತ್ತುಹಾಕಿದೀವಿ," ಎಂದು ಅಲ್ಲಿಯ ಪೊಲೀಸಿನವ ಧೂಳು ಊದಿ ಕೊಟ್ಟ. "ಹೊರದೇಶದ್ದು ಏನೂ ಬರಲ್ಲ, ಈ ಊರಿನ ಸ್ಟೇಷನ್ ಮಾತ್ರ." ಡೋಲನ್‌ಗೆ ಅಷ್ಟು ಸಾಕಾಗಿತ್ತು. ಮುದುಕಿಗೆ ಹಾಡು ಕೇಳುವುದಕ್ಕೆ ತಾನೇ!

ಅಸ್ಸುಂತಾ ರೇಡಿಯೊವನ್ನು ಅಡುಗೆಯ ಏಪ್ರನ್ನಿನ ತುದಿಯಿಂದ ಒರೆಸಿ, ಸಂತ ರೊಕ್ಕೊನ ಪಟದ ಕೆಳಗೆ ಇಡಿಸಿದಳು. ಮೇಜಿನಲ್ಲಿ ಫೋರ್ಕುಗಳ ಸದ್ದು ನಿಂತಿತು.

"ಅತ್ತೆ, ಮೊದಲು ಊಟ ಮಾಡಿ. ಮ್ಯಾಕರೋನಿ ಆರಿಹೋಗ್ತಿದೆ," ಎಂದ ಅಳಿಯ ಜೆರಾರ್ದೊ.

"ನೀನು ತಿನ್ನು. ಹೆಂಗೂ ನನ್ನ ಪಾಲಿನದೂ ನೀನೇ ತಿನ್ನೋನು." ಅವಳು ಡೋಲನ್ ಕಡೆ ತಿರುಗಿದಳು. "ಅಲ್ಲಿ ಇಟಲಿಯಿಂದ, ಪೋಪ್ ಅವರ ರೇಡಿಯೊದಲ್ಲಿ ಸೆರೆಸಿಕ್ಕ ಸೈನಿಕರ ಹೆಸರು ಓದ್ತಾರಂತೆ. ನನ್ನ ಹಿರಿಯವನು ದೊನಾತೊ ಊರಲ್ಲೇ ಅಜ್ಜನ ಹತ್ತಿರ ಬೆಳೆದೋನು. ಲಿಬಿಯಾಕ್ಕೆ ಕಳಿಸಿದ್ರಂತೆ. ಆಮೇಲೆ ಸುದ್ದಿಯೇ ಇಲ್ಲ. ಬದುಕಿದ್ರೆ ಹೆಸರು ಬಂದೇ ಬರತ್ತೆ."

ಡೋಲನ್ ಬಾಗಿಲ ಕಡೆ ಒಮ್ಮೆ ನೋಡಿದ. "ಅಂದ್ರೆ... ಇಟಲಿ ಸೈನ್ಯದಲ್ಲಾ, ಅಮ್ಮಾ?"

"ಒಬ್ಬ ಆ ಸೈನ್ಯ, ಒಬ್ಬ ಈ ಸೈನ್ಯ. ಹೆರೋವಾಗ ನನ್ನ ಯಾರು ಕೇಳಿದ್ರು?"

ಅವಳು ಗುಂಡಿ ತಿರುಗಿಸಿದಳು. ಆ ರೇಡಿಯೊವನ್ನು ಮನೆಯಲ್ಲಿ ಬೇರೆ ಯಾರೂ ಮುಟ್ಟುವಂತಿರಲಿಲ್ಲ. ರಿಪಬ್ಲಿಕನ್ ಅಭ್ಯರ್ಥಿ ಕಳ್ಳಕಾಕರನ್ನು ಒದ್ದೋಡಿಸುವುದಾಗಿ ಗುಡುಗಿದ. ಇನ್ನಷ್ಟು ತಿರುಗಿಸಿದರೆ ಡೋಲನ್‌ನದೇ ಅಭ್ಯರ್ಥಿ, ಗೆಲುವು ನಮ್ಮದೇ ಎಂದು. ಮುಂದೆ ಲೇಬರ್ ಪಕ್ಷದವನು, ಇಬ್ಬರೂ ಒಂದೇ ತಕ್ಕಡಿಯ ಕಲ್ಲುಗಳೆಂದು. ಮುದುಕಿ ಮುಳ್ಳನ್ನು ಆ ತುದಿಯಿಂದ ಈ ತುದಿಗೆ, ಮತ್ತೆ ಆ ತುದಿಗೆ ಒಯ್ದಳು. ಶಾರ್ಟ್‌ವೇವ್ ಗುಂಡಿ ಯಾವುದಕ್ಕೂ ಸಿಕ್ಕಿಕೊಳ್ಳದೆ ಸುಮ್ಮನೆ ಗಿರಗಿರನೆ ತಿರುಗುತ್ತಿದ್ದುದು ಡೋಲನ್‌ಗೆ ನಿಂತಲ್ಲಿಂದಲೇ ಕಾಣುತ್ತಿತ್ತು.

"ಎಲ್ಲಾ ಕಡೆ ಇವರೇ ಕೂತ್ಕೊಂಡಿದಾರಲ್ಲೋ!" ಎಂದಳು ಅಸ್ಸುಂತಾ. "ಹೆಸರು ಓದೋ ಪಾದ್ರಿಗಳಿಗೆ ಒಂಚೂರು ಜಾಗ ಬಿಟ್ಟಿಲ್ಲ."

ಹೇಳಿಬಿಡಬೇಕು ಎಂದು ಡೋಲನ್ ಬಾಯಿ ತೆರೆದ. ಹನ್ನೊಂದು ಮುಖಗಳು ಅವನನ್ನೇ ನೋಡುತ್ತಿದ್ದವು. ಕೆಟ್ಟವನೇನಲ್ಲ ಡೋಲನ್. ಸತ್ತವರ ಮನೆಗೆ ಎಲ್ಲರಿಗಿಂತ ಮೊದಲು ಹೋಗಿ ನಿಲ್ಲುವವನು, ಕೆಲಸವಿಲ್ಲದವರಿಗೆ ಕೆಲಸ ಕೊಡಿಸುವವನು. ಆದರೆ ಹನ್ನೊಂದು ಎಂದರೆ ಹನ್ನೊಂದು.

"ಚುನಾವಣೆ ಅಲ್ವಾ ಅಮ್ಮಾ," ಎಂದ.

"ಹಂಗಾದ್ರೆ ಮಂಗಳವಾರ ಕಳೆದ ಮೇಲೆ ಬರತ್ತಾ?"

"ಬರತ್ತೆ."

"ದೇವರ ಹಾಗೆ ಬಂದೆ ಕಣಪ್ಪ." ಅವಳು ಮೇಜಿನ ಕಡೆ ತಿರುಗಿದಳು. "ಕೇಳಿಸ್ತಾ ಎಲ್ಲಾರಿಗೂ? ಈ ಸಲ ಡೋಲನ್ ಹೇಳಿದವರಿಗೆ. ಸಕ್ಕರೆ, ಕಾಫಿಪುಡಿ ಯಾರು ಬೇಕಾದ್ರೂ ತರ್ತಾರೆ."

ಹನ್ನೊಂದೂ ಬಿದ್ದವು, ಒಂದೂ ತಪ್ಪಲಿಲ್ಲ. ಆದರೂ ಡೋಲನ್‌ನ ಪಕ್ಷ ಮಕಾಡೆ ಮಲಗಿತು. ಸೋಲಿಗಿಂತ ಹೆಚ್ಚಾಗಿ ಆ ಮೆಟ್ಟಿಲು ಅವನನ್ನು ಕಾಡತೊಡಗಿತು. ಆ ಬೀದಿಯನ್ನೇ ತಪ್ಪಿಸಿ ಓಡಾಡಿದ. ಎಷ್ಟು ದಿನ ತಪ್ಪಿಸಿಯಾನು? ಶನಿವಾರ ಮಧ್ಯಾಹ್ನ ನಿಜ ಹೇಳಿಯೇ ಬಿಡುತ್ತೇನೆಂದು ಗಟ್ಟಿಮನಸ್ಸು ಮಾಡಿ ಹತ್ತಿ, ಬಾಗಿಲು ತಟ್ಟಿದ.

ಅಸ್ಸುಂತಾ ರೇಡಿಯೊದ ಮುಂದೆ ಕುರ್ಚಿ ಎಳೆದುಕೊಂಡು, ಜಪಮಾಲೆ ಹಿಡಿದು ಕೂತಿದ್ದಳು. ಅವನನ್ನು ನೋಡಿದ್ದೇ ತುಟಿಯ ಮೇಲೆ ಬೆರಳಿಟ್ಟಳು.

"ಸೋತೆ ಅಂತ ಬೇಜಾರು ಮಾಡ್ಕೋಬೇಡಪ್ಪ," ಎಂದಳು ಪಿಸುದನಿಯಲ್ಲಿ. "ನೀನು ಹೇಳಿದ ಮಾತು ನಡೆಸ್ಕೊಟ್ಟೆ, ಭಾಷಣ ಎಲ್ಲಾ ನಿಂತಿದೆ. ಈಗ ಸೋಪು ಮಾರ್ತಾ ಇದಾರೆ. ಅದೊಂದು ಮುಗೀಲಿ ಅಂತ ಕೂತಿದೀನಿ."